ಒಂಟಿ ತೋಪಿನ ಬೆಂಗಾವಲು

ಎರಡನೆಯ ಮಹಾಯುದ್ಧ ಎಂದ ಕೂಡಲೇ ನಮ್ಮ ಮಕ್ಕಳಿಗೆ ನೆನಪಾಗುವುದು ಹಿಟ್ಲರ್, ಪರ್ಲ್ ಹಾರ್ಬರ್, ಹಿರೋಶಿಮ. ಪಠ್ಯಪುಸ್ತಕಗಳೂ ಅಷ್ಟಕ್ಕೇ ನಿಲ್ಲುತ್ತವೆ. ಆ ಯುದ್ಧದಲ್ಲಿ ಹಿಂದೂ ಮಹಾಸಾಗರದ ನಟ್ಟನಡುವೆ ಭಾರತದ ನಾವಿಕರಿದ್ದ ಪುಟ್ಟ ಹಡಗೊಂದು ತನಗಿಂತ ಹದಿನೈದು ಪಟ್ಟು ದೊಡ್ಡದಾದ ಎರಡು ಶತ್ರು ಹಡಗುಗಳಿಗೆ ಎದುರು ನುಗ್ಗಿದ ಪ್ರಸಂಗ ಎಷ್ಟು ಜನರಿಗೆ ಗೊತ್ತು? ಆ ಹಡಗಿನ ಹೆಸರು 'ಬೆಂಗಾಲ್'. ಅದು ಕಾದಾಡಿದ ದಿನ 1942ರ ನವೆಂಬರ್ 11.

ಇದು ಕೇವಲ ಶೌರ್ಯದ ಕಥೆಯಲ್ಲ. ವೇಗ, ದೂರ, ತೂಕ, ತೇಲುವಿಕೆ ಮುಂತಾಗಿ ಪ್ರೌಢಶಾಲೆಯ ವಿಜ್ಞಾನದ ಪುಸ್ತಕದಲ್ಲಿ ಬರುವ ಸಂಗತಿಗಳೇ ಆ ದಿನ ಯಾರು ಬದುಕಬೇಕು, ಯಾರು ಮುಳುಗಬೇಕು ಎಂಬುದನ್ನು ನಿರ್ಧರಿಸಿದವು. ಕೊನೆಗೆ ಉಳಿದ ಒಂದು ಪ್ರಶ್ನೆಗೆ ಇಂದಿಗೂ ಎಲ್ಲರೂ ಒಪ್ಪುವ ಉತ್ತರ ಸಿಕ್ಕಿಲ್ಲ.

ಆ ವರ್ಷದ ಪರಿಸ್ಥಿತಿ

1942 ಭಾರತದ ಪಾಲಿಗೆ ಆತಂಕದ ವರ್ಷ. ಫೆಬ್ರವರಿ 15ರಂದು ಸಿಂಗಪುರ ಜಪಾನೀಯರ ಕೈಸೇರಿತು. ಮಾರ್ಚ್ ತಿಂಗಳಲ್ಲಿ ರಂಗೂನ್ ಬಿತ್ತು, ಅಂಡಮಾನ್ ದ್ವೀಪಗಳೂ ಹೋದವು. ಏಪ್ರಿಲ್ 5ರಂದು ಕೊಲಂಬೊ ಬಂದರಿನ ಮೇಲೆ ಜಪಾನಿ ವಿಮಾನಗಳು ಬಾಂಬು ಸುರಿದವು. ಮರುದಿನವೇ ವಿಶಾಖಪಟ್ಟಣ ಮತ್ತು ಕಾಕಿನಾಡದ ಮೇಲೂ ಬಾಂಬು ಬಿತ್ತು. ಯುದ್ಧ ಎಲ್ಲೋ ಯುರೋಪಿನಲ್ಲಿ ನಡೆಯುತ್ತಿದೆ ಎಂದುಕೊಂಡಿದ್ದ ಜನ ಅದು ಮನೆಬಾಗಿಲಿಗೆ ಬಂದದ್ದನ್ನು ಕಂಡರು.

ಯುದ್ಧಕ್ಕೆ ಅನ್ನದಷ್ಟೇ ಅಗತ್ಯವಾದದ್ದು ಎಣ್ಣೆ. ಪರ್ಷಿಯ ಕೊಲ್ಲಿಯ ಅಬದಾನ್‌ನಲ್ಲಿ ಬೃಹತ್ ತೈಲ ಶುದ್ಧೀಕರಣ ಕೇಂದ್ರವಿತ್ತು. ಬರ್ಮ ಮತ್ತು ಇಂಡೊನೇಷ್ಯದ ಎಣ್ಣೆ ಜಪಾನೀಯರ ವಶವಾದ ಮೇಲೆ ಆಸ್ಟ್ರೇಲಿಯಕ್ಕೆ ಬೇಕಾದ ಎಣ್ಣೆಯೂ ಹಿಂದೂ ಮಹಾಸಾಗರ ದಾಟಿ ಬರಬೇಕಾಯಿತು. ಟ್ಯಾಂಕರ್ ಎಂದು ಕರೆಯುವ ತೈಲವಾಹಕ ಹಡಗುಗಳು ಸಾವಿರಾರು ಕಿಲೋಮೀಟರ್ ಬಯಲು ಸಮುದ್ರದಲ್ಲಿ ಓಡಾಡುತ್ತಿದ್ದವು. ಅವುಗಳಿಗೆ ಕಾವಲಾಗಿ ಹೋಗುವ ಸಣ್ಣ ಯುದ್ಧನೌಕೆಗಳೇ ಬೆಂಗಾವಲು ಹಡಗುಗಳು.

ಐದು ಬಸ್ಸುಗಳ ಉದ್ದ

ಬೆಂಗಾಲ್ ಕಟ್ಟಲ್ಪಟ್ಟದ್ದು ಆಸ್ಟ್ರೇಲಿಯದ ಸಿಡ್ನಿಯ ಕಾಕಟೂ ಹಡಗುಕಟ್ಟೆಯಲ್ಲಿ. 'ಬಾಥರ್ಸ್ಟ್' ವರ್ಗ ಎಂದು ಹೆಸರಾದ ಇಂಥ 60 ಹಡಗುಗಳನ್ನು ಯುದ್ಧಕಾಲದಲ್ಲಿ ಆ ದೇಶ ಕಟ್ಟಿತು. ಅವುಗಳಲ್ಲಿ ನಾಲ್ಕು ರಾಯಲ್ ಇಂಡಿಯನ್ ನೇವಿಗೆ ಬಂದವು. ನಾಲ್ಕಕ್ಕೂ ನಮ್ಮ ಪ್ರಾಂತಗಳ ಹೆಸರು: ಬೆಂಗಾಲ್, ಬಾಂಬೆ, ಮದ್ರಾಸ್, ಪಂಜಾಬ್. ಬೆಂಗಾಲ್ 1942ರ ಮೇ ತಿಂಗಳಲ್ಲಿ ನೀರಿಗಿಳಿದು ಆಗಸ್ಟ್‌ನಲ್ಲಿ ಸೇವೆಗೆ ಸೇರಿತು. ಅದೇ ಆಗಸ್ಟ್‌ನಲ್ಲಿ ಬೊಂಬಾಯಿಯ ಗೊವಾಲಿಯ ಟ್ಯಾಂಕ್ ಮೈದಾನದಿಂದ 'ಭಾರತ ಬಿಟ್ಟು ತೊಲಗಿ' ಎಂಬ ಕರೆ ಹೊರಟಿತ್ತು. ಹಡಗಿನ ಮೇಲೆ ಹಾರುತ್ತಿದ್ದುದು ಬ್ರಿಟಿಷ್ ಬಾವುಟ; ಅದರಡಿ ದುಡಿಯುತ್ತಿದ್ದವರು ಭಾರತದ ನಾವಿಕರು. ಈ ವಿರೋಧಾಭಾಸವನ್ನು ಮರೆತು ಈ ಕಥೆ ಹೇಳುವಂತಿಲ್ಲ.

ಹಡಗಿನ ಉದ್ದ ಸುಮಾರು 57 ಮೀಟರ್. ಐದು ಸರ್ಕಾರಿ ಬಸ್ಸುಗಳನ್ನು ಒಂದರ ಹಿಂದೊಂದು ನಿಲ್ಲಿಸಿದಷ್ಟು. ಅಗಲ ಒಂಬತ್ತೂವರೆ ಮೀಟರ್‌ಗೆ ಸ್ವಲ್ಪ ಕಡಿಮೆ. ತೂಕ ಸುಮಾರು 650 ಟನ್. ವೇಗ 15 ನಾಟ್. ಒಂದು ನಾಟ್ ಎಂದರೆ ಗಂಟೆಗೆ 1.852 ಕಿಲೋಮೀಟರ್. ಎಂದರೆ ಈ ಯುದ್ಧನೌಕೆಯ ಓಟ ಗಂಟೆಗೆ 28 ಕಿಲೋಮೀಟರ್ ಮಾತ್ರ!

ಇಂಥ ಹಡಗುಗಳ ಮುಖ್ಯ ಕೆಲಸ ಶತ್ರುಗಳು ಸಮುದ್ರದಲ್ಲಿ ಹುದುಗಿಸಿಟ್ಟ ಮೈನ್‌ಗಳನ್ನು ತೆಗೆಯುವುದು ಮತ್ತು ಜಲಾಂತರ್ಗಾಮಿಗಳನ್ನು ಹುಡುಕುವುದು. ಜಲಾಂತರ್ಗಾಮಿಯ ಹುಡುಕಾಟಕ್ಕೆ ಬಳಸುತ್ತಿದ್ದುದು ಪ್ರತಿಧ್ವನಿಯ ತತ್ತ್ವ. ಹಡಗಿನ ತಳದಿಂದ ಶಬ್ದದ ಅಲೆಯೊಂದನ್ನು ನೀರಿನೊಳಗೆ ಕಳಿಸಬೇಕು. ಅದು ಜಲಾಂತರ್ಗಾಮಿಗೆ ಬಡಿದು ಮರಳುವ ವೇಳೆಯನ್ನು ಅಳೆಯಬೇಕು. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಸಾಗಿದರೆ ಸಮುದ್ರದ ನೀರಿನಲ್ಲಿ ಸುಮಾರು 1,500 ಮೀಟರ್ ಸಾಗುತ್ತದೆ. ಪ್ರತಿಧ್ವನಿ ಎರಡು ಸೆಕೆಂಡಿಗೆ ಮರಳಿದರೆ ಶತ್ರು ಎಷ್ಟು ದೂರ? ಶಬ್ದ ಹೋಗಿ ಬಂದದ್ದು 3,000 ಮೀಟರ್; ಆದ್ದರಿಂದ ಶತ್ರು ಇರುವುದು 1,500 ಮೀಟರ್ ದೂರದಲ್ಲಿ. ವಿದ್ಯಾರ್ಥಿಗಳು ಈ ಲೆಕ್ಕವನ್ನು ಬಾಯಲ್ಲೇ ಮಾಡಬಲ್ಲರು.

ನೀರಿನ ಮೇಲೆ ಎದುರಾಗುವ ದೊಡ್ಡ ಹಡಗಿನೊಡನೆ ತೋಪಿನ ಕಾಳಗ ಮಾಡುವುದು ಮಾತ್ರ ಇಂಥ ಹಡಗಿನ ಕೆಲಸವಾಗಿರಲಿಲ್ಲ. ಬೆಂಗಾಲ್‌ನಲ್ಲಿ ಇದ್ದ ದೊಡ್ಡ ತೋಪು ಒಂದೇ ಒಂದು. ಅದೂ ಮೂರು ಅಂಗುಲ ಬಾಯಿಯದು. ಅದು ಎಸೆಯುವ ಗುಂಡಿನ ತೂಕ ಆರು ಕಿಲೋಗ್ರಾಂಗೂ ಕಡಿಮೆ. ಗುಂಡುಗಳ ದಾಸ್ತಾನೂ ಅಲ್ಪವೇ. ಇದಲ್ಲದೆ ವಿಮಾನಗಳಿಗೆ ಹೊಡೆಯುವ 20 ಮಿಲಿಮೀಟರಿನ ಓರ್ಲಿಕಾನ್ ಬಂದೂಕುಗಳು ಇದ್ದವು, ಅಷ್ಟೆ.

ಜೊತೆಗಾರ ಒಂಡಿನ

ಹೊಸ ಹಡಗು ಭಾರತದತ್ತ ಹೊರಟಿತ್ತು. ಆಸ್ಟ್ರೇಲಿಯದ ಪಶ್ಚಿಮ ತೀರದ ಫ್ರೀಮ್ಯಾಂಟಲ್ ಬಂದರಿನಿಂದ ಡಿಯಾಗೊ ಗಾರ್ಸಿಯ ದ್ವೀಪದವರೆಗೆ ಅದಕ್ಕೊಂದು ಹೊಣೆ ವಹಿಸಲಾಯಿತು. ಡಚ್ಚರ ತೈಲವಾಹಕ 'ಒಂಡಿನ' ಎಣ್ಣೆ ತುಂಬಿಸಿಕೊಳ್ಳಲು ಅಬದಾನ್‌ಗೆ ಹೋಗಬೇಕಿತ್ತು. ಅದರ ಬೆಂಗಾವಲಿಗೆ ಬೆಂಗಾಲ್. ನವೆಂಬರ್ 5ರಂದು ಎರಡೂ ಹೊರಟವು. ಬೆಂಗಾಲ್‌ನ ನಾಯಕ ಲೆಫ್ಟಿನೆಂಟ್ ಕಮಾಂಡರ್ ವಿಲಿಯಂ ಜೋಸೆಫ್ ವಿಲ್ಸನ್. ಒಂಡಿನದ ಕ್ಯಾಪ್ಟನ್ ವಿಲ್ಲೆಮ್ ಹಾರ್ಸ್‌ಮನ್.

ಒಂಡಿನ 1929ರಲ್ಲಿ ಕಟ್ಟಿದ, 6,341 ಟನ್ನಿನ, 12 ನಾಟ್ ವೇಗದ ಸಾಧು ಹಡಗು. ಅಧಿಕಾರಿಗಳು ಡಚ್ಚರು, ಉಳಿದ ಸಿಬ್ಬಂದಿ ಬಹುಪಾಲು ಚೀನೀಯರು. ಆತ್ಮರಕ್ಷಣೆಗೆಂದು ಹಿಂಭಾಗದಲ್ಲಿ ನಾಲ್ಕು ಅಂಗುಲದ ಒಂದು ತೋಪು ಇಟ್ಟಿದ್ದರು. ಗುಂಡುಗಳು ಕೇವಲ 32. ತೋಪು ನಡೆಸಲು ಆಸ್ಟ್ರೇಲಿಯದ ಹಾಗೂ ಬ್ರಿಟನ್ನಿನ ಕೆಲವು ಯೋಧರಿದ್ದರು. ಕಾಯುವ ಹಡಗಿಗಿಂತ ಕಾಯಿಸಿಕೊಳ್ಳುವ ಹಡಗಿನ ತೋಪೇ ದೊಡ್ಡದು ಎಂಬುದನ್ನು ಇಲ್ಲಿ ಗಮನದಲ್ಲಿಟ್ಟುಕೊಳ್ಳಬೇಕು. ಮುಂದೆ ಇದೇ ಸಂಗತಿ ವಾದಕ್ಕೆ ಮೂಲವಾಯಿತು.

ವೇಷ ಮರೆಸಿದ ಬೇಟೆಗಾರರು

ನವೆಂಬರ್ 11ರ ಮಧ್ಯಾಹ್ನದ ಸಮೀಪ, ಕೋಕೋಸ್ ದ್ವೀಪಗಳಿಂದ ನೈರುತ್ಯಕ್ಕೆ ಬಹು ದೂರದಲ್ಲಿ, ಎರಡು ಹಡಗುಗಳು ಕಾಣಿಸಿಕೊಂಡವು. ಅವು ಜಪಾನಿನ 'ಹೋಕೋಕು ಮಾರು' ಮತ್ತು 'ಐಕೋಕು ಮಾರು'. ಮೂಲತಃ ಪ್ರಯಾಣಿಕರನ್ನೂ ಸರಕನ್ನೂ ಒಯ್ಯಲು ಕಟ್ಟಿದ ಹಡಗುಗಳು. ತಲಾ ಹತ್ತು ಸಾವಿರ ಟನ್ನಿಗೂ ಹೆಚ್ಚು. ಜಪಾನಿ ನೌಕಾಪಡೆ ಅವುಗಳಿಗೆ ತಲಾ ಎಂಟು 14 ಸೆಂಟಿಮೀಟರ್ ತೋಪುಗಳನ್ನೂ ಟಾರ್ಪೆಡೊ ಕೊಳವೆಗಳನ್ನೂ ಜೋಡಿಸಿ, ವಿಮಾನಗಳನ್ನೂ ಕೊಟ್ಟು, ವ್ಯಾಪಾರಿ ಹಡಗುಗಳ ಬೇಟೆಗೆ ಬಿಟ್ಟಿತ್ತು. ಆ ವರ್ಷದ ಮೇ ತಿಂಗಳಿಂದ ಜುಲೈವರೆಗೆ ಈ ಜೋಡಿ ಹಿಂದೂ ಮಹಾಸಾಗರದಲ್ಲಿ 'ಜೆನೋಟ' ಎಂಬ ಡಚ್ ತೈಲವಾಹಕವನ್ನೂ 'ಹೌರಾಕಿ' ಎಂಬ ಹಡಗನ್ನೂ ಸೆರೆಹಿಡಿದು, 'ಎಲೀಸಿಯ' ಎಂಬ ಹಡಗಿನ ಮೇಲೆ ದಾಳಿ ಮಾಡಿ ಅದರ ಮುಳುಗಡೆಗೆ ಕಾರಣವಾಗಿತ್ತು.

ಬಲಾಬಲವನ್ನು ತೂಗಿ ನೋಡೋಣ. ಜಪಾನೀಯರ ತೋಪುಗಳು 16. ಒಂದೊಂದು ಗುಂಡಿನ ತೂಕ ಸುಮಾರು 38 ಕಿಲೋಗ್ರಾಂ. ಈ ಕಡೆ ಇರುವ ತೋಪುಗಳು ಎರಡು. ಬೆಂಗಾಲ್‌ನ ಗುಂಡು ಅವರ ಗುಂಡಿನ ಆರನೆಯ ಒಂದು ಪಾಲಿಗಿಂತಲೂ ಹಗುರ; ಒಂಡಿನದ ಗುಂಡು ಸುಮಾರು 14 ಕಿಲೋಗ್ರಾಂ. ತಕ್ಕಡಿಯ ಆ ತಟ್ಟೆ ನೆಲ ಮುಟ್ಟಿತ್ತು.

ಹಾಗಾದರೆ ಓಡಿಹೋಗಬಹುದಿತ್ತಲ್ಲ? ಅದಕ್ಕೂ ಲೆಕ್ಕವಿದೆ. ಜಪಾನಿ ಹಡಗುಗಳ ವೇಗ 20 ನಾಟ್‌ಗೂ ಹೆಚ್ಚು, ಒಂಡಿನದ್ದು 12. ವ್ಯತ್ಯಾಸ ಎಂಟು ನಾಟ್, ಎಂದರೆ ಗಂಟೆಗೆ ಸುಮಾರು 15 ಕಿಲೋಮೀಟರ್. ಹತ್ತು ಕಿಲೋಮೀಟರ್ ಮುಂದಿದ್ದರೂ ನಲವತ್ತು ನಿಮಿಷದಲ್ಲಿ ಬೆನ್ನು ಹಿಡಿಯುತ್ತಿದ್ದರು. ದಿಕ್ಕು ಬೇರೆ ಬೇರೆಯಾಗಿ ಓಡಿದರೆ ಬೆಂಗಾಲ್ ಮಾತ್ರ ತಪ್ಪಿಸಿಕೊಳ್ಳುವ ಸಾಧ್ಯತೆ ಇತ್ತು. ಆದರೆ ಕಾವಲಿಗೆ ಬಂದವನು ಕಾಯಬೇಕಾದವನನ್ನು ಬಿಟ್ಟು ಓಡಿದರೆ ಆ ಕಾವಲಿಗೆ ಏನರ್ಥ?

ವಿಲ್ಸನ್ ಒಂಡಿನಕ್ಕೆ ದೂರ ಸರಿಯಲು ಸೂಚಿಸಿ, ತನ್ನ ಹಡಗಿನ ಮೂತಿಯನ್ನು ನೇರವಾಗಿ ಶತ್ರುವಿನ ಕಡೆ ತಿರುಗಿಸಿದರು.

ನುಗ್ಗುವುದರಲ್ಲಿ ಇದ್ದ ಯುಕ್ತಿ

ಇದು ಮೇಲ್ನೋಟಕ್ಕೆ ಹುಚ್ಚು ಸಾಹಸ. ಆದರೆ ಸ್ವಲ್ಪ ಯೋಚಿಸಿದರೆ ಅದರೊಳಗಿನ ವಿವೇಕ ಕಾಣುತ್ತದೆ. ಮೊದಲನೆಯದಾಗಿ, ಚಿಕ್ಕ ತೋಪಿನ ಗುಂಡು ದೂರದಿಂದ ತಾಗುವುದೂ ಕಷ್ಟ, ತಾಗಿದರೂ ಪರಿಣಾಮ ಕಡಿಮೆ. ಹತ್ತಿರ ಹೋದರೆ ಮಾತ್ರ ಗುರಿಗೆ ಬೆಲೆ. ಎರಡನೆಯದಾಗಿ, ಅಡ್ಡಲಾಗಿ ನಿಂತ ಬೆಂಗಾಲ್ 57 ಮೀಟರ್ ಉದ್ದದ ಗೋಡೆ. ಎದುರು ಮುಖವಾಗಿ ಬರುವ ಬೆಂಗಾಲ್ ಒಂಬತ್ತು ಮೀಟರ್ ಚಿಲ್ಲರೆ ಅಗಲದ ಕಂಬ. ಎಡಕ್ಕೋ ಬಲಕ್ಕೋ ಸ್ವಲ್ಪ ತಪ್ಪಿದ ಗುಂಡು ನೀರಿಗೆ ಬೀಳುತ್ತದೆ. ಮೂರನೆಯದಾಗಿ, ಶತ್ರು ಬೆಂಗಾಲ್‌ನ ಕಡೆ ಗಮನ ಕೊಟ್ಟಷ್ಟು ಹೊತ್ತು ಒಂಡಿನಕ್ಕೆ ದೂರ ಸಿಗುತ್ತದೆ.

ಸುಮಾರು ಮೂರು ಕಿಲೋಮೀಟರ್ ಚಿಲ್ಲರೆ ದೂರದಿಂದ ಬೆಂಗಾಲ್ ಹೋಕೋಕು ಮಾರುವಿನ ಮೇಲೆ ಗುಂಡು ಹಾರಿಸತೊಡಗಿತು. ಅತ್ತ ಕ್ಯಾಪ್ಟನ್ ಹಾರ್ಸ್‌ಮನ್ ಕೂಡ ಸುಮ್ಮನೆ ಓಡಲಿಲ್ಲ. ಬೆಂಗಾವಲಿನವನು ಒಬ್ಬನೇ ಹೋರಾಡುವುದನ್ನು ನೋಡುತ್ತಾ ಹೋಗಲು ಮನಸ್ಸಾಗದೆ ತನ್ನ ಹಿಂಭಾಗದ ತೋಪಿನಿಂದ ಗುಂಡು ಹೊಡೆಸಿದರು. ಜಪಾನಿ ಹಡಗುಗಳಿಂದ ಗುಂಡಿನ ಮಳೆ ಸುರಿಯಿತು.

ಅಷ್ಟರಲ್ಲಿ ಯಾರೂ ನಿರೀಕ್ಷಿಸದ ಸಂಗತಿ ನಡೆಯಿತು. ಒಂದು ಗುಂಡು ಹೋಕೋಕು ಮಾರುವಿನ ಹಿಂಭಾಗಕ್ಕೆ, ಟಾರ್ಪೆಡೊ ಕೊಳವೆಗಳಿದ್ದ ಜಾಗಕ್ಕೆ ತಾಗಿತು. ಟಾರ್ಪೆಡೊ ಸ್ಫೋಟಿಸಿತು, ಬೆಂಕಿ ಹಬ್ಬಿತು, ಮತ್ತೆ ಸ್ಫೋಟ. ಹತ್ತು ಸಾವಿರ ಟನ್ನಿನ ಹಡಗು ಹಿಂಭಾಗದಿಂದ ಕುಸಿಯುತ್ತಾ ಕೊನೆಗೆ ಸಮುದ್ರದ ಪಾಲಾಯಿತು. ಅದರ ಕ್ಯಾಪ್ಟನ್ ಸೇರಿದಂತೆ 70ಕ್ಕೂ ಹೆಚ್ಚು ಜನ ಸತ್ತರು.

ಸಣ್ಣ ಗುಂಡು ಇಷ್ಟು ದೊಡ್ಡ ಹಡಗನ್ನು ಮುಳುಗಿಸಿದ್ದು ಹೇಗೆ? ಗುಂಡು ಮುಳುಗಿಸಲಿಲ್ಲ, ಅದು ಬರೇ ಕಿಡಿ ಹಚ್ಚಿತು. ಒಂದು ಬಣವೆಯನ್ನು ಸುಡಲು ಬೇಕಾದ ಶಕ್ತಿ ಬೆಂಕಿಕಡ್ಡಿಯಲ್ಲಿ ಇರುವುದಿಲ್ಲ. ಅದು ಹುಲ್ಲಿನಲ್ಲೇ ಇರುತ್ತದೆ. ಹಾಗೆಯೇ ಹೋಕೋಕು ಮಾರುವನ್ನು ನಾಶಮಾಡಿದ ಶಕ್ತಿ ಅದೇ ಹಡಗು ಹೊತ್ತಿದ್ದ ಸಿಡಿಮದ್ದಿನಲ್ಲಿ ಅಡಗಿತ್ತು. ನಿಜವಾದ ಯುದ್ಧನೌಕೆಯಲ್ಲಿ ಮದ್ದಿನ ಮನೆಗಳನ್ನು ನೀರಿನ ಮಟ್ಟದ ಕೆಳಗೆ, ದಪ್ಪ ಉಕ್ಕಿನ ಮರೆಯಲ್ಲಿ ಇಡುವ ಪ್ರಯತ್ನ ಇರುತ್ತದೆ. ಪ್ರಯಾಣಿಕರ ಹಡಗಿಗೆ ತೋಪು ಕಟ್ಟಿದ ಮಾತ್ರಕ್ಕೆ ಅಂಥ ಉಕ್ಕಿನ ಕವಚ ಬರುವುದಿಲ್ಲ.

ಹೊಗೆಯ ಪರದೆ

ಆದರೆ ಕಾಳಗ ಮುಗಿದಿರಲಿಲ್ಲ. ಐಕೋಕು ಮಾರು ಇನ್ನೂ ಸುಸ್ಥಿತಿಯಲ್ಲಿತ್ತು. ಬೆಂಗಾಲ್‌ಗೆ ಏಟು ಬಿದ್ದು ಹಿಂಭಾಗದಲ್ಲಿ ಬೆಂಕಿ ಹೊತ್ತಿಕೊಂಡಿತ್ತು. ಗುಂಡುಗಳು ಬಹುತೇಕ ಮುಗಿದಿದ್ದವು. ಒಂಡಿನ ದೂರ ಹೋಗಿರಬಹುದು, ಇನ್ನು ತಾನು ಮಾಡಬಹುದಾದದ್ದು ಏನೂ ಇಲ್ಲ ಎಂದು ಬಗೆದ ವಿಲ್ಸನ್ ಹೊಗೆಯ ಪರದೆ ಎಬ್ಬಿಸಿ ಹಿಂದೆ ಸರಿದರು. ಆಗ ತೋಪಿನ ಗುರಿ ಇಡುತ್ತಿದ್ದುದು ಕಣ್ಣಿನಿಂದ, ದೂರದರ್ಶಕದ ಸಹಾಯದಿಂದ. ಬೆಳಕಿನ ದಾರಿಯನ್ನು ಹೊಗೆ ಮುಚ್ಚಿದರೆ ದೂರದ ಅಳತೆ ಸಿಗುವುದಿಲ್ಲ. ಅಳತೆ ಇಲ್ಲದೆ ಗುರಿಯಿಲ್ಲ.

ಬೆಂಗಾಲ್ ಏಟು ತಿಂದಿದ್ದರೂ ಅದರಲ್ಲಿ ಒಬ್ಬನೇ ಒಬ್ಬನೂ ಸಾಯಲಿಲ್ಲ. ನವೆಂಬರ್ 17ರಂದು ಅದು ಡಿಯಾಗೊ ಗಾರ್ಸಿಯ ತಲುಪಿತು. ಒಂಡಿನ ಮುಳುಗಿಹೋಗಿದೆ ಎಂದೇ ಅದರ ಜನ ತಿಳಿದಿದ್ದರು.

ಮುಳುಗದ ತೈಲವಾಹಕ

ಒಂಡಿನದ ಪಾಡು ಇದಕ್ಕಿಂತ ಘೋರ. ಕೊನೆಯ ಗುಂಡೂ ಮುಗಿದ ಮೇಲೆ ಕ್ಯಾಪ್ಟನ್ ಹಾರ್ಸ್‌ಮನ್ ಹಡಗು ಬಿಟ್ಟು ದೋಣಿಗಿಳಿಯಲು ಆಜ್ಞೆ ಕೊಟ್ಟರು. ಆ ವೇಳೆಯಲ್ಲೇ ಶೆಲ್ಲಿನ ಚೂರು ಬಡಿದು ಅವರು ಸತ್ತರು. ಐಕೋಕು ಮಾರು ಹತ್ತಿರ ಬಂದು ಟಾರ್ಪೆಡೊ ಹೊಡೆಯಿತು. ಒಂಡಿನದ ಪಕ್ಕೆಯಲ್ಲಿ ದೊಡ್ಡ ತೂತುಗಳಾಗಿ ಹಡಗು ಒಂದು ಕಡೆ ಬಹಳವಾಗಿ ವಾಲಿತು. ಬಳಿಕ ಜಪಾನೀಯರು ದೋಣಿಗಳಲ್ಲಿ ಕುಳಿತಿದ್ದ ನಿರಾಯುಧರ ಮೇಲೂ ಮೆಷಿನ್‌ಗನ್ ಹಾರಿಸಿದರು. ಕೆಲವರು ಸತ್ತರು, ಕೆಲವರು ಗಾಯಗೊಂಡರು. ಅನಂತರ ನೀರಿನಲ್ಲಿದ್ದ ತಮ್ಮವರನ್ನು ಎತ್ತಿಕೊಂಡು ಐಕೋಕು ಮಾರು ಹೊರಟುಹೋಯಿತು. ಹೊರಡುವ ಮುನ್ನ ಹೊಡೆದ ಕೊನೆಯ ಟಾರ್ಪೆಡೊ ಗುರಿ ತಪ್ಪಿತು.

ದೋಣಿಗಳಲ್ಲಿದ್ದವರು ಕಾದರು. ಹಡಗು ಇನ್ನೇನು ಮುಳುಗುತ್ತದೆ ಎಂದು ನೋಡಿದರು. ಅದು ಮುಳುಗಲಿಲ್ಲ!

ಕಾರಣ ಆರ್ಕಿಮಿಡೀಸನ ತತ್ತ್ವ. ಹಡಗು ತಾನು ಸರಿಸಿದ ನೀರಿನ ತೂಕದಷ್ಟು ಮೇಲ್ಮುಖ ಒತ್ತಡವನ್ನು ಪಡೆಯುತ್ತದೆ. ಒಂಡಿನ ಎಣ್ಣೆ ತುಂಬಿಸಿಕೊಳ್ಳಲು ಹೋಗುತ್ತಿದ್ದ ಖಾಲಿ ಹಡಗು. ತೈಲವಾಹಕದ ಒಡಲು ಒಂದೇ ಹಂಡೆಯಲ್ಲ. ಗೋಡೆಗಳಿಂದ ಬೇರ್ಪಡಿಸಿದ ಹಲವು ತೊಟ್ಟಿಗಳ ಸಾಲು. ಟಾರ್ಪೆಡೊ ಕೆಲವು ತೊಟ್ಟಿಗಳನ್ನು ಒಡೆದು ನೀರು ತುಂಬಿಸಿತು. ಗಾಳಿ ತುಂಬಿದ ಉಳಿದ ತೊಟ್ಟಿಗಳು ಹಡಗನ್ನು ಹಿಡಿದು ನಿಲ್ಲಿಸಿದವು. ಬಾಯಿ ಬಿರಡೆ ಹಾಕಿದ ಖಾಲಿ ಕೊಡಗಳನ್ನು ಕಟ್ಟಿಕೊಂಡು ಹಳ್ಳಿಯ ಮಕ್ಕಳು ಬಾವಿಯಲ್ಲಿ ಈಜು ಕಲಿಯುವುದಿಲ್ಲವೇ? ಒಂದು ಕೊಡ ಒಡೆದರೂ ಉಳಿದವು ತೇಲಿಸುತ್ತವೆ. ಅದೇ ಹಡಗು ಎಣ್ಣೆ ತುಂಬಿಕೊಂಡು ಮರಳುವಾಗ ಸಿಕ್ಕಿದ್ದರೆ ಮುಳುಗುವುದಕ್ಕೆ ಮೊದಲೇ ಉರಿದುಹೋಗುವ ಸಂಭವವಿತ್ತು.

ಉಳಿದವರು ಮತ್ತೆ ಹಡಗು ಹತ್ತಿದರು. ಬೆಂಕಿ ಆರಿಸಿದರು. ವಾಲಿದ ಕಡೆಗೆ ಎದುರಾಗಿ ನೀರು ತುಂಬಿಸಿ ಹಡಗನ್ನು ನೆಟ್ಟಗೆ ಮಾಡಿದರು. ಇದೂ ತಕ್ಕಡಿಯ ಲೆಕ್ಕವೇ. ಯಂತ್ರ ಕೆಲಸ ಮಾಡುತ್ತಿತ್ತು. ಹರಿದ ಪಕ್ಕೆಯ ಆ ಹಡಗು ಗಾಯಾಳುಗಳನ್ನು ಹೊತ್ತು ಒಂದು ವಾರ ಸಾಗಿ ನವೆಂಬರ್ 18ರಂದು ಫ್ರೀಮ್ಯಾಂಟಲ್ ಮುಟ್ಟಿತು. ಸತ್ತಿತೆಂದುಕೊಂಡ ಜೊತೆಗಾರ ಬದುಕಿದ್ದ ಸುದ್ದಿ ಬೆಂಗಾಲ್‌ನವರಿಗೆ ತಿಳಿದದ್ದು ಆಮೇಲೆಯೇ.

ಯಾರ ಗುಂಡು?

ಹೋಕೋಕು ಮಾರುವಿಗೆ ತಾಗಿದ ಆ ಗುಂಡು ಯಾರದು? ಬೆಂಗಾಲ್‌ನವರು ತಮ್ಮದೆಂದರು. ಒಂಡಿನದವರು ತಮ್ಮದೆಂದರು. ಭಾರತದಲ್ಲಿ ಬೆಂಗಾಲ್‌ಗೆ ವೀರೋಚಿತ ಗೌರವ ದೊರೆಯಿತು. ವಿಲ್ಸನ್ ಅವರಿಗೆ ಡಿ.ಎಸ್.ಒ. ಪದಕ ಸಿಕ್ಕಿತು. ಡಚ್ಚರ ಹೇಳಿಕೆ ಬೇರೆಯೇ ಆಗಿತ್ತು. ನಾಲ್ಕು ಅಂಗುಲದ ಗುಂಡೇ ಅಂಥ ಹಾನಿ ಮಾಡಿರುವ ಸಂಭವ ಹೆಚ್ಚು ಎಂದು ವಾದಿಸುವವರು ಹಲವರು. ಮೂರು ಅಂಗುಲದ ಗುಂಡು ಟಾರ್ಪೆಡೊವನ್ನು ಸಿಡಿಸಲಾರದು ಎಂದು ಖಚಿತವಾಗಿ ಹೇಳುವಂತೆಯೂ ಇಲ್ಲ. ಮೇಲೆ ಕಂಡಂತೆ ಅಲ್ಲಿ ಬೇಕಿದ್ದುದು ಒಂದು ಕಿಡಿ ಮಾತ್ರ.

ಎರಡು ಹಡಗಿನವರೂ ಸುಳ್ಳು ಹೇಳಿದರೆಂದು ಭಾವಿಸಬೇಕಾಗಿಲ್ಲ. ಹೊಗೆ, ಸದ್ದು, ಭಯದ ನಡುವೆ ತೋಪು ಹಾರಿಸಿದವನಿಗೆ ಎದುರಿನ ಹಡಗಿನಲ್ಲಿ ಬೆಳಕು ಕಂಡರೆ ಅದು ತನ್ನ ಗುಂಡೇ ಎನ್ನಿಸುವುದು ಸಹಜ. ಒಂದಾದ ಮೇಲೆ ಒಂದು ನಡೆಯಿತು ಎಂಬ ಮಾತ್ರಕ್ಕೆ ಮೊದಲನೆಯದು ಎರಡನೆಯದಕ್ಕೆ ಕಾರಣವಾಗಬೇಕಿಲ್ಲ. ಪ್ರಯೋಗಶಾಲೆಯಲ್ಲಾದರೆ ಪ್ರಯೋಗವನ್ನು ಮತ್ತೊಮ್ಮೆ ಮಾಡಿ ನೋಡಬಹುದು. ಚರಿತ್ರೆಯಲ್ಲಿ ಆ ಅವಕಾಶವಿಲ್ಲ. ಅಲ್ಲಿ ಉಳಿಯುವುದು ಸಾಕ್ಷಿಗಳನ್ನು ತೂಗುವ ಕೆಲಸ. ನಮ್ಮವರು ಎಂಬ ಕಾರಣಕ್ಕೆ ತಕ್ಕಡಿಯ ಮೇಲೆ ಬೆರಳಿಡುವುದು ವಿಜ್ಞಾನದಲ್ಲಿ ಹೇಗೆ ತಪ್ಪೋ ಚರಿತ್ರೆಯಲ್ಲೂ ಹಾಗೆಯೇ ತಪ್ಪು.

ಗುಂಡು ಒಂಡಿನದ್ದೇ ಆಗಿದ್ದರೂ ಬೆಂಗಾಲ್‌ನ ಹಿರಿಮೆ ಕುಂದುವುದಿಲ್ಲ. ಮುನ್ನುಗ್ಗಿ ಶತ್ರುವನ್ನು ತನ್ನತ್ತ ಸೆಳೆದದ್ದು ಅದು. ಆ ಹೊತ್ತು ಸಿಗದಿದ್ದರೆ ಒಂಡಿನದ ತೋಪಿಗೆ 32 ಗುಂಡು ಹಾರಿಸುವ ಅವಕಾಶ ಸಿಗುತ್ತಿತ್ತೇ? ಬೆಂಗಾವಲಿನ ಕೆಲಸ ಶತ್ರುವನ್ನು ಮುಳುಗಿಸುವುದಲ್ಲ, ಜೊತೆಗಿದ್ದವನನ್ನು ದಡ ಮುಟ್ಟಿಸುವುದು. ಆ ಅರ್ಥದಲ್ಲಿ ಎರಡೂ ಹಡಗುಗಳು ಒಂದನ್ನೊಂದು ಕಾದವು.

ಆಮೇಲೆ

ಪಾರಾದ ಐಕೋಕು ಮಾರು 1944ರ ಫೆಬ್ರವರಿ 17ರಂದು ಶಾಂತಸಾಗರದ ಟ್ರಕ್ ದ್ವೀಪಗಳ ಬಳಿ ಅಮೆರಿಕದ ವಿಮಾನ ದಾಳಿಗೆ ಸಿಕ್ಕಿತು. ಅದರಲ್ಲಿದ್ದ ಮದ್ದುಗುಂಡು ಸಿಡಿದು ಅದೂ ಮುಳುಗಿತು. ಬೆಂಗಾಲ್ ಯಾವ ಪ್ರಾಂತದ ಹೆಸರು ಹೊತ್ತಿತ್ತೋ ಆ ಬಂಗಾಳದಲ್ಲಿ 1943ರಲ್ಲಿ ಭೀಕರ ಕ್ಷಾಮ ಬಂದು ಲಕ್ಷಾಂತರ ಜನ ಸತ್ತರು. 1946ರ ಫೆಬ್ರವರಿ 18ರಂದು ಬೊಂಬಾಯಿಯ 'ತಲ್ವಾರ್' ನೌಕಾ ಕೇಂದ್ರದಲ್ಲಿ ಭಾರತೀಯ ನಾವಿಕರು ಕೆಟ್ಟ ಊಟ ಮತ್ತು ತಾರತಮ್ಯದ ವಿರುದ್ಧ ಸಿಡಿದೆದ್ದರು. ಆ ಬಂಡಾಯ 78 ಹಡಗುಗಳಿಗೆ ಹಬ್ಬಿತು. ಯುದ್ಧದಲ್ಲಿ ಬ್ರಿಟಿಷರಿಗಾಗಿ ಪ್ರಾಣ ಒತ್ತೆಯಿಟ್ಟ ಪಡೆಯೇ ತನ್ನ ಮಾನಕ್ಕಾಗಿ ತಿರುಗಿ ನಿಂತಿತ್ತು.

ಸ್ವಾತಂತ್ರ್ಯದ ಅನಂತರ ಬೆಂಗಾಲ್ ಭಾರತದ ನೌಕಾಪಡೆಯಲ್ಲಿ ಉಳಿಯಿತು. 1960ರಲ್ಲಿ ಅದನ್ನು ಸೇವೆಯಿಂದ ತೆಗೆದು ಗುಜರಿಗೆ ಕೊಡಲಾಯಿತು. ಹದಿನೆಂಟು ವರ್ಷಗಳ ಸೇವೆಯಲ್ಲಿ ಅದರ ಹೆಸರನ್ನು ಚರಿತ್ರೆಗೆ ಸೇರಿಸಿದ್ದು ಒಂದೇ ಒಂದು ಮಧ್ಯಾಹ್ನ.

ಅಂದು ಹಡಗಿನಲ್ಲಿದ್ದ ಭಾರತೀಯ ನಾವಿಕರಲ್ಲಿ ಹೆಚ್ಚಿನವರ ಹೆಸರು ಇಂದು ಸಾಮಾನ್ಯ ಓದುಗರಿಗೆ ತಿಳಿಯದು. ಸ್ವಂತ ಬಾವುಟವಿಲ್ಲದ ನಾಡಿನ ಮಕ್ಕಳು, ಅರ್ಧ ಗಾತ್ರದ ತೋಪನ್ನು ಹಿಡಿದು, ತಮಗೆ ಪರಿಚಯವೇ ಇಲ್ಲದ ಚೀನೀ ಮತ್ತು ಡಚ್ ನಾವಿಕರನ್ನು ಕಾಯಲು ನಿಂತರು. ಆ ಗುಂಡು ಯಾರದೇ ಆಗಿರಲಿ, ಅವರು ನಿಂತದ್ದರ ಬಗ್ಗೆ ವಾದವಿಲ್ಲ.